ಹಮೀದಾ ಬಾನುವಿನ ಊಟದ ಪಟ್ಟಿ ಸಾಕು

ಗಂಡಸರೊಡನೆ ಸೆಣಸಿದ ಕುಸ್ತಿಪಟು ಹಮೀದಾ ಬಾನುವಿನ ಬಗ್ಗೆ ಯಾರೇ ಬರೆಯಲಿ, ಮೊದಲು ಬರುವುದು ಅಡುಗೆಮನೆ. ದಿನಕ್ಕೆ ಐದೂವರೆ ಲೀಟರಿಗೂ ಹೆಚ್ಚು ಹಾಲು, ಒಂದು ಕೋಳಿ, ಕಿಲೋ ಹತ್ತಿರ ಕುರಿಮಾಂಸ, ಅರ್ಧ ಕಿಲೋ ಬೆಣ್ಣೆ, ಆರು ಮೊಟ್ಟೆ, ಎರಡು ತಟ್ಟೆ ಬಿರಿಯಾನಿ. ಅದರ ಬೆನ್ನಿಗೇ ಮದುವೆಯ ಪಂಥ. 1954ರ ಫೆಬ್ರುವರಿಯಲ್ಲಿ ಆಕೆ, ಕುಸ್ತಿಯಲ್ಲಿ ತನ್ನನ್ನು ಸೋಲಿಸಿದವನನ್ನೇ ಮದುವೆಯಾಗುವುದಾಗಿ ಸಾರಿದ್ದಳು. 2024ರ ಮೇ 4ರಂದು ಆಕೆಯ ನೆನಪಿಗೆ ಗೂಗಲ್ ಡೂಡಲ್ (ಗೂಗಲ್ ಮುಖಪುಟದ ಚಿತ್ರ) ಬಂದಾಗಲೂ ಹೆಚ್ಚು ಹಂಚಿಕೆಯಾದದ್ದು ಇವೇ ಎರಡು ಸಂಗತಿ. ನನಗೆ ರೇಗುತ್ತದೆ.

ಆ ಪಂಥ ಟಿಕೆಟ್ ಮಾರುವ ಉಪಾಯವೂ ಆಗಿತ್ತು, ಅದರಲ್ಲಿ ತಪ್ಪೇನೂ ಇಲ್ಲ. ಕುಸ್ತಿ ಆಕೆಗೆ ಹೊಟ್ಟೆಪಾಡು. ಪಟಿಯಾಲದ ಒಬ್ಬ, ಕೋಲ್ಕತ್ತದ ಒಬ್ಬ ಚಾಂಪಿಯನ್ನನ್ನು ಕೆಡವಿ ಬರೋಡಕ್ಕೆ ಬಂದಳು. ಅಲ್ಲಿ ಮಹಾರಾಜರ ಆಶ್ರಯದಲ್ಲಿದ್ದ ಛೋಟಾ ಗಾಮಾ, ಹೆಂಗಸಿನೊಡನೆ ಸೆಣಸುವುದಿಲ್ಲವೆಂದು ಹಿಂದೆ ಸರಿದ. ಬದಲಿಗೆ ಅಖಾಡಕ್ಕೆ ಇಳಿದವನು ಬಾಬಾ ಪೈಲ್ವಾನ. ಐದಡಿ ಮೂರಂಗುಲದ, 108 ಕಿಲೋ ತೂಕದ ಹಮೀದಾ ಒಂದು ನಿಮಿಷ 34 ಸೆಕೆಂಡಿನಲ್ಲಿ ಅವನ ಬೆನ್ನನ್ನು ಮಣ್ಣಿಗೆ ತಾಗಿಸಿದಳು. ಆತ ಕುಸ್ತಿಯನ್ನೇ ಬಿಟ್ಟ.

ಇದೆಲ್ಲ ಮೊದಲೇ ಮಾತಾಡಿಕೊಂಡ ಆಟ ಎಂಬ ಗುಸುಗುಸು ಅಂದೂ ಇತ್ತು. ಇದ್ದಿರಬಹುದು. ಹಣಕ್ಕಾಗಿ ನಡೆಯುವ ಕುಸ್ತಿಯಲ್ಲಿ ಗಂಡಸರೇನು ಸತ್ಯ ಹರಿಶ್ಚಂದ್ರರೇ? ಆದರೆ ಕಲ್ಲು ಬಿದ್ದದ್ದು ಇವಳಿಗೆ. ಕೊಲ್ಹಾಪುರದಲ್ಲಿ (ಬೆಳಗಾವಿ ಕಡೆಯ ನಮ್ಮ ಪೈಲ್ವಾನರೂ ತಾಲೀಮಿಗೆ ಹೋಗುವ ಊರದು) ಗಂಡಾಳನ್ನು ಸೋಲಿಸಿದಾಗ ಜನ ಕೂಗಾಡಿ ಕಲ್ಲೆಸೆದರು, ಪೊಲೀಸರು ಬರಬೇಕಾಯಿತು. ಪುಣೆಯಲ್ಲಿ ಕುಸ್ತಿ ಸಂಘದವರು ಅಡ್ಡ ಬಂದು ಪಂದ್ಯವೇ ರದ್ದಾಯಿತು. ಆಕೆ ಆಗಿನ ಮುಂಬಯಿ ರಾಜ್ಯದ ಮುಖ್ಯಮಂತ್ರಿ ಮೊರಾರ್ಜಿ ದೇಸಾಯಿಯವರಿಗೇ ದೂರು ಕೊಟ್ಟಳು. ಹೆಣ್ಣೆಂದು ತಡೆದಿಲ್ಲ, ಸಂಘಟಕರು ಹುಸಿ ಎದುರಾಳಿಗಳನ್ನು ಇಳಿಸುತ್ತಾರೆಂಬ ದೂರುಗಳಿವೆ ಎಂದು ಉತ್ತರ ಬಂತು. ಸಂಘಟಕರ ಮೇಲಿನ ದೂರಿಗೆ ದಂಡ ತೆತ್ತವಳು ಹಮೀದಾ!

1954ರಲ್ಲೇ ಮುಂಬಯಿಯಲ್ಲಿ ರಷ್ಯಾದ ವೇರಾ ಚಿಸ್ಟಿಲಿನ್‌ಳನ್ನು ಒಂದು ನಿಮಿಷದೊಳಗೆ ಸೋಲಿಸಿ, ಯುರೋಪಿಗೆ ಹೋಗುವುದಾಗಿ ಹೇಳಿದಳು. ಹೋಗಲಿಲ್ಲ. ಆಕೆಯ ಜೊತೆಗೇ ಬಾಳಿದ ಮೊಮ್ಮಗ ಬಿಬಿಸಿಗೆ ಹೇಳಿದ ಪ್ರಕಾರ, ಯುರೋಪ್ ಪ್ರಯಾಣ ತಪ್ಪಿಸಲು ತರಬೇತುದಾರ ಸಲಾಂ ಪೈಲ್ವಾನನೇ ಹೊಡೆದು ಆಕೆಯ ಕೈ ಮುರಿದ. ಕಾಲಿಗೂ ಪೆಟ್ಟಾಗಿ, ವರ್ಷಗಟ್ಟಲೆ ಕೋಲಿಲ್ಲದೆ ಸರಿಯಾಗಿ ನಡೆಯಲಾಗುತ್ತಿರಲಿಲ್ಲ ಎಂದು ನೆರೆಯವರೊಬ್ಬರು ನೆನೆದಿದ್ದಾರೆ. ಹಮೀದಾಗೂ ಸಲಾಂಗೂ ಮದುವೆಯಾಗಿತ್ತು ಎನ್ನುತ್ತಾಳೆ ಸಲಾಂನ ಮಗಳು. ಇಲ್ಲವೇ ಇಲ್ಲ ಎನ್ನುತ್ತಾನೆ ಮೊಮ್ಮಗ. ಸಲಾಂ ಅಲಿಗಢಕ್ಕೆ ಮರಳಿದ. ಹಮೀದಾ ಮುಂಬಯಿ ಪಕ್ಕದ ಕಲ್ಯಾಣದಲ್ಲೇ ಉಳಿದು ಹಾಲು ಮಾರಿದಳು, ಕಟ್ಟಡ ಬಾಡಿಗೆಗೆ ಕೊಟ್ಟಳು, ಕೈ ಖಾಲಿಯಾದಾಗ ರಸ್ತೆ ಬದಿಯಲ್ಲಿ ತಿಂಡಿ ಮಾರಿದಳು. 1986ರಲ್ಲಿ ತೀರಿಕೊಂಡಳು.

ಇಷ್ಟು ದೊಡ್ಡ ಆರೋಪ ಹೊತ್ತ ಸಲಾಂನನ್ನು ಎಷ್ಟೋ ಬರಹಗಳು ಈಗಲೂ 'ಗುರು' ಎಂದಷ್ಟೇ ಹೇಳಿ ಮುಂದೆ ಸಾಗುತ್ತವೆ.