ಕನಸಿನಲ್ಲಿ ಪಿಯಾನೋ ಮುಂದೆ ಯಾರು?

'ಲಾ ಲಾ ಲ್ಯಾಂಡ್' ಅನ್ನೋ ಹಾಲಿವುಡ್ ಸಿನಿಮಾ ನೋಡಿದ ನಮ್ಮ ಗೆಳೆಯರದ್ದೆಲ್ಲ ಒಂದೇ ತಕರಾರು. ಅಷ್ಟು ಚೆಂದದ ಜೋಡಿಯನ್ನು ಕೊನೆಗೆ ಯಾಕೆ ಬೇರೆ ಮಾಡಿದ್ರು? ಮೊದಲ ಸಲ ನಾನೂ ಹಾಗೇ ಗೊಣಗಿದ್ದೆ. ಮೊನ್ನೆ ಮತ್ತೆ ನೋಡಿದ ಮೇಲೆ ಆ ಗೊಣಗಾಟ ನಿಂತಿದೆ.

ಊರು ಲಾಸ್ ಏಂಜಲೀಸ್. ಮಿಯಾಗೆ ನಟಿಯಾಗಬೇಕು, ಸ್ಟುಡಿಯೋ ಒಳಗಿನ ಕಾಫಿ ಅಂಗಡಿಯಲ್ಲಿ ಕೆಲಸ, ನಡುನಡುವೆ ಓಡಿಹೋಗಿ ಆಡಿಷನ್. ಪಿಯಾನೋ ನುಡಿಸುವ ಸೆಬಾಸ್ಟಿಯನ್‌ಗೆ ಸ್ವಂತ ಜಾಝ್ ಸಂಗೀತದ ಕ್ಲಬ್ ತೆಗೆಯುವ ಹಟ.

ಹಾಡು ಬಂದರೆ ಎದ್ದು ಹೊರಗೆ ಹೋಗುವ ಅಭ್ಯಾಸ ನಮ್ಮಲ್ಲಿ ಸುಮಾರು ಜನಕ್ಕಿದೆ. ಇಲ್ಲಿ ಹಾಗೆ ಎದ್ದರೆ ಕಥೆಯೇ ಕೈತಪ್ಪುತ್ತದೆ. ಗ್ರಿಫಿತ್ ಪಾರ್ಕಿನ ಗುಡ್ಡದ ಮೇಲೆ, ಹೊತ್ತು ಮುಳುಗಿದ ನೇರಳೆ ಬೆಳಕಿನಲ್ಲಿ, ನಿನ್ನ ಮೇಲೆ ನನಗೇನೂ ಇಲ್ಲ ಅಂತ ಇಬ್ಬರೂ ಹಾಡುತ್ತಾರೆ. ಹಾಡುತ್ತಲೇ ಮಿಯಾ ಬೆಂಚಿನ ಮೇಲೆ ಕೂತು, ಹೈ ಹೀಲ್ಸ್ ಕಳಚಿ, ಬ್ಯಾಗಿನಿಂದ ಕುಣಿಯುವ ಶೂ ತೆಗೆದು ಹಾಕಿಕೊಳ್ಳುತ್ತಾಳೆ! (ಪ್ಲಾನೆಟೇರಿಯಂನಲ್ಲಿ ಗಾಳಿಯಲ್ಲಿ ತೇಲುವುದು ಮಾತ್ರ ನನಗೆ ಜಾಸ್ತಿಯಾಯ್ತು.)

ಆದರೆ ನನ್ನನ್ನು ಹಿಡಿದು ಕೂರಿಸಿದ್ದು ಹಾಡಿಲ್ಲದ ಒಂದು ಊಟದ ಸೀನು. ದುಡ್ಡು ಬರುವ ಬ್ಯಾಂಡ್ ಸೇರಿ ಊರೂರು ತಿರುಗುತ್ತಿದ್ದ ಸೆಬಾಸ್ಟಿಯನ್ ಒಂದು ರಾತ್ರಿ ದಿಢೀರ್ ಅಂತ ಬಂದು ಅಡುಗೆ ಮಾಡಿದ್ದಾನೆ. ನೀನು ನುಡಿಸುತ್ತಿರುವುದು ನಿನಗೇ ಇಷ್ಟಾನಾ ಅಂತ ಅವಳು ಕೇಳುತ್ತಾಳೆ. ಮಾತಿಗೆ ಮಾತು ಬೆಳೆಯುತ್ತದೆ. ನಾನು ಸೋತಿದ್ದಾಗಲೇ ನಿನಗೆ ಚೆನ್ನಾಗಿದ್ದೆ ಅಂತ ಅಂದುಬಿಡುತ್ತಾನೆ. ಅಷ್ಟರಲ್ಲಿ ಓವನ್‌ನಲ್ಲಿ ಇಟ್ಟದ್ದು ಸೀದು ಅಲಾರಂ ಹೊಡೆದುಕೊಳ್ಳುತ್ತದೆ. ಇದೇ ಜಗಳ ನಮ್ಮ ಮನೆಯಲ್ಲೂ ನಡೆದಿದೆ. ನಮ್ಮಲ್ಲಿ ಸೀದದ್ದು ಅನ್ನ, ಅಷ್ಟೇ.

ಆಸ್ಕರ್‌ನಲ್ಲಿ 14 ನಾಮಿನೇಷನ್, 6 ಪ್ರಶಸ್ತಿ. ವೇದಿಕೆ ಮೇಲೆ ತಪ್ಪು ಲಕೋಟೆ ಕೊಟ್ಟು ಇದರ ಹೆಸರು ಓದಿಬಿಟ್ಟದ್ದರಿಂದ ಬೆಸ್ಟ್ ಪಿಕ್ಚರ್ ಕೂಡ ಕೈಗೆ ಬಂದು ಜಾರಿತು. ಕೈಗೆ ಬಂದ ತುತ್ತು ಬಾಯಿಗೆ ಬರಲಿಲ್ಲ ಅಂತೀವಲ್ಲ, ಹಾಗೆ.

ಇನ್ನು ಕೊನೆ. ಐದು ವರ್ಷದ ಮೇಲೆ ಮಿಯಾ ದೊಡ್ಡ ನಟಿ. ಗಂಡನ ಜೊತೆ ಸುಮ್ನೆ ಹೊಕ್ಕ ಕ್ಲಬ್ ಸೆಬಾಸ್ಟಿಯನ್‌ನದ್ದು. ಅವನು ಹಳೇ ರಾಗ ನುಡಿಸುತ್ತಾನೆ. ಇಬ್ಬರೂ ಬೇರೆಯಾಗದೇ ಇದ್ದಿದ್ದರೆ ಅನ್ನುವ ಕನಸಿನ ಬದುಕು ತೆರೆ ಮೇಲೆ ಓಡುತ್ತದೆ. ಬ್ಯಾಂಡ್ ಬೇಡ ಅನ್ನುತ್ತಾನೆ. ಅವಳ ನಾಟಕಕ್ಕೆ ಜನ ತುಂಬಿರುತ್ತಾರೆ. ಜೊತೆಗೇ ಪ್ಯಾರಿಸ್, ಆಮೇಲೆ ಮಗು. ಕೊನೆಗೆ ಇಬ್ಬರೂ ಒಂದು ಕ್ಲಬ್ಬಿಗೆ ಬಂದು ಕೂರುತ್ತಾರೆ. ಅಲ್ಲಿ ಪಿಯಾನೋ ಮುಂದೆ ಇರುವವನು ಬೇರೆ ಯಾರೋ! ಕನಸಿನಲ್ಲಿ ಕೂಡ ಅವನಿಗೆ ಅವಳು, ಕ್ಲಬ್ಬು ಎರಡನ್ನೂ ಕೊಡಲು ಡೈರೆಕ್ಟರ್ ಡೇಮಿಯನ್ ಶಜೆಲ್‌ಗೆ ಮನಸ್ಸು ಬಂದಿಲ್ಲ. ಬೇರೆ ಯಾಕೆ ಮಾಡಿದ್ರು ಅಂತ ಕೇಳೋರು ಇದನ್ನು ನೋಡಿಯೇ ಇಲ್ವೇನೋ.

ಇನ್ನೊಂದು ಹಾಡು ಕೇಳಿ ಹೋಗೋಣವಾ ಅಂತ ಗಂಡ ಕೇಳುತ್ತಾನೆ. ಬೇಡ ಅನ್ನುತ್ತಾಳೆ. ಬಾಗಿಲಲ್ಲಿ ತಿರುಗಿ ನೋಡುತ್ತಾಳೆ. ಇಬ್ಬರೂ ಸಣ್ಣಗೆ ನಗುತ್ತಾರೆ. ಅವನು ಪಿಯಾನೋ ಕಡೆ ತಿರುಗಿ ಮುಂದಿನ ಹಾಡಿಗೆ ಒಂದು, ಎರಡು ಅಂತ ಎಣಿಸುತ್ತಾನೆ.