ನೀರಿನ ಸಮಿತಿ ಬಗ್ಗೆ ಓಡಾಡೋ ಆ ಮೆಸೇಜ್ ತಪ್ಪೈತಿ

ಇಂಡಿ ಕಡೆ ಗ್ರೂಪ್‌ಗಳಾಗ "ಜಲ ಜೀವನ್ ಮಿಷನ್ ಪ್ಲಾನ್ ಪೂರಾ ಇಂಜಿನಿಯರ್‌ಗಳದ್ದು, ಊರ ಮಂದಿ ಸಹಿ ಹಾಕಿದ್ರ ಸಾಕು" ಅಂತ ಮೆಸೇಜ್ ಓಡಾಡಾಕತ್ತೈತ್ರಿ. ಇದು ತಪ್ಪು. 2019ರಾಗ ಶುರುವಾದ, ಹಳ್ಳಿಯ ಮನಿಮನಿಗೆ ನಳದ ನೀರು ಕೊಡೋ ಈ ಕೇಂದ್ರ ಸರ್ಕಾರದ ಯೋಜನೆಯ ಮಾರ್ಗಸೂಚಿ ಪ್ರಕಾರ ಊರಿನ ಕ್ರಿಯಾ ಯೋಜನೆ ಮಾಡಬೇಕಾದ್ದು ಗ್ರಾಮ ಪಂಚಾಯ್ತಿ ಇಲ್ಲಾ ಅದರ ನೀರು ನೈರ್ಮಲ್ಯ ಸಮಿತಿ, ಒಪ್ಪಿಗಿ ಕೊಡೋದು ಗ್ರಾಮಸಭೆ. ಸಮಿತಿಯೊಳಗ 10ರಿಂದ 15 ಮಂದಿ, ಅದರಾಗ ಅರ್ಧ ಹೆಣ್ಮಕ್ಕಳು ಇರಬೇಕು.

ಇಂಜಿನಿಯರ್ ಬೇಕೇ ಬೇಕು, ಇಲ್ಲ ಅನ್ನಾಕತ್ತಿಲ್ಲ, ಆದ್ರ ಯಾವ ಬೋರ್ ಬ್ಯಾಸಗ್ಯಾಗ ಬತ್ತತೈತಿ, ಯಾವ ಓಣಿಗೆ ನೀರು ಏರಂಗಿಲ್ಲ ಅನ್ನೋದು ದಿನಾ ಕೊಡ ಹೊರೋರಿಗೇ ಗೊತ್ತು, ಅವರನ್ನ ಬಿಟ್ಟು ಪೈಪ್ ಹಾಕಿದ್ರ ಏನುಪಯೋಗ? ನಮ್ಮ ವಿಜಯಪುರ ಜಿಲ್ಲಾದಾಗ ನೀರೊಳಗ ಹಲ್ಲು, ಎಲುಬು ಕೆಡಿಸೋ ಫ್ಲೋರೈಡ್ ಕಾಟನೂ ಐತಿ. ಕಿಟ್ ಹಿಡಕೊಂಡು ನೀರು ಪರೀಕ್ಷೆ ಮಾಡಾಕ ಪ್ರತಿ ಊರಾಗ 5 ಹೆಣ್ಮಕ್ಕಳಿಗೆ ಟ್ರೇನಿಂಗ್ ಕೊಡಬೇಕಂತ ಮಾರ್ಗಸೂಚಿಯೊಳಗನ ಐತಿ, ಇದು ಭಾಳ ದೊಡ್ಡ ಮಾತ್ರಿ.

ಸೇವೆ ಕೊಡೋರ ಜೋಡಿ ತಗೊಳ್ಳೋ ಮಂದಿನೂ ಕೈ ಹಚ್ಚಿದ್ರನ ಸೇವೆ ಆಗತೈತಿ ಅಂತ ಅಮೆರಿಕಾದ ಸಂಶೋಧಕಿ ಎಲಿನಾರ್ ಓಸ್ಟ್ರಾಮ್ 1970ರ ದಶಕದಾಗ ಹೇಳಿದ್ರು, 2009ರಾಗ ಅವರಿಗೆ ಅರ್ಥಶಾಸ್ತ್ರದ ನೊಬೆಲ್ ಬಂತು.

ಪಂಚಾಯ್ತಿಗೆ ಹೋಗಿ ಕ್ರಿಯಾ ಯೋಜನೆ ಕಾಪಿ ಕೇಳ್ರಿ, ಓದದ ಸಹಿ ಹಾಕಬ್ಯಾಡ್ರಿ, ಆ ಮೆಸೇಜ್ ಫಾರ್ವರ್ಡ್ ಮಾಡಬ್ಯಾಡ್ರಿ.