ಕೊಡಗಿನ ಮರಕ್ಕೊಂದು ಕೀಲಿಕೈ

ಸಸ್ಯಶಾಸ್ತ್ರದ ಪುಸ್ತಕವೊಂದಕ್ಕೆ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಬಂದ ಭಾಷೆ ನಮ್ಮದು: ಬಿ.ಜಿ.ಎಲ್. ಸ್ವಾಮಿಯವರ 'ಹಸಿರು ಹೊನ್ನು', 1978ರಲ್ಲಿ. ಇಂಗ್ಲೆಂಡಿನಲ್ಲಿ ಕೂತು ಇಲ್ಲಿನವರಿಗೆ ಇದನ್ನು ಹೇಳುವಾಗ ಎದೆ ಸ್ವಲ್ಪ ಉಬ್ಬುವುದು ನಿಜ. ಆದರೆ ವಿರಾಜಪೇಟೆ ಕಡೆಯ ಯಾವುದೋ ಕಾಫಿ ತೋಟದ ಬೇಲಿ ಪಕ್ಕ ನಿಂತು "ಇದ್ಯಾವ ಮರ?" ಎಂದರೆ, ಚೀಲದಿಂದ ತೆಗೆದು ನೋಡುವಂಥ ಪುಸ್ತಕ ಕನ್ನಡದಲ್ಲಿ ಸಿಗುವುದು ಕಷ್ಟ. ಕಾಡಿನ ಬಗ್ಗೆ ಓದಿ ಖುಷಿಪಡಲು ನಮ್ಮಲ್ಲಿ ಧಾರಾಳವಾಗಿದೆ. ಗೊತ್ತಿಲ್ಲದ ಮರದ ಹೆಸರನ್ನು ನಾವೇ ಹುಡುಕಿಕೊಳ್ಳಲು ಬೇಕಾದ ಕೈಪಿಡಿಗೆ, ಅದರಲ್ಲೂ ಒಂದು ಜಿಲ್ಲೆಗೆಂದೇ ಬರೆದ ಕೈಪಿಡಿಗೆ, ಬರ.

ಬ್ರಿಟನ್ನಿನವರು ಈ ಕೆಲಸವನ್ನು ಚಿಕ್ಕ ಚಿಕ್ಕ ಪಾಲು ಮಾಡಿಕೊಂಡು ಮಾಡಿದರು. 1852ರಲ್ಲಿ ವಾಟ್ಸನ್ ಎಂಬ ಸಸ್ಯಶಾಸ್ತ್ರಜ್ಞ ಗಿಡಗಳ ಲೆಕ್ಕಕ್ಕಾಗಿಯೇ ಗ್ರೇಟ್ ಬ್ರಿಟನ್ನನ್ನು 112 ತುಂಡು ಮಾಡಿದ. ಆಡಳಿತದ ಗಡಿಗಳು ಎಷ್ಟು ಸಲ ಬದಲಾದರೂ ಗಿಡ ನೋಡುವವರಿಗೆ ಇವತ್ತಿಗೂ ಅವೇ ಗೆರೆ. ಕಾರ್ನ್‌ವಾಲ್ ಕೌಂಟಿಗೆ 1909ರಲ್ಲೇ ತನ್ನದೊಂದು ಸಸ್ಯಗ್ರಂಥ ಇತ್ತು. ಕೊಡಗು ಅದಕ್ಕಿಂತ ದೊಡ್ಡದು, 4,102 ಚದರ ಕಿಲೋಮೀಟರ್. ಜಿಲ್ಲೆಗೊಂದು ಪುಸ್ತಕ ಇದ್ದರೆ ಲಾಭ ಏನೆಂದರೆ, ಆ ಜಿಲ್ಲೆಯಲ್ಲಿ ಇಲ್ಲದ್ದೆಲ್ಲ ಮೊದಲೇ ಹೊರಗುಳಿದಿರುತ್ತದೆ. ಇಡೀ ಭಾರತದ ಮರಗಳ ಪುಸ್ತಕದಲ್ಲಿ ಹೊನ್ನೆಯನ್ನು ಹುಡುಕುವವನಿಗೆ ಅದರ ಹತ್ತಾರು ದಾಯಾದಿಗಳು ಎದುರಾಗುತ್ತವೆ. ಕೊಡಗಿನ ಪುಸ್ತಕದಲ್ಲಾದರೆ ಎರಡೋ ಮೂರೋ.

ಹಾಗಂತ ಅವರದನ್ನು ಹಾಗೇ ಎತ್ತಿಕೊಂಡರೆ ಕೆಡುತ್ತದೆ. ಇಲ್ಲಿನ ಜನಪ್ರಿಯ ಕೈಪಿಡಿಗಳಲ್ಲಿ ಎಷ್ಟೋ ಹೂವಿನ ಬಣ್ಣದ ಪ್ರಕಾರ ಜೋಡಿಸಿದಂಥವು: ಹಳದಿ ಪುಟಗಳು, ನೀಲಿ ಪುಟಗಳು. ಮೊಣಕಾಲೆತ್ತರದ ಹುಲ್ಲುಗಾವಲಿಗೆ ಅದು ಸರಿ. ಕೊಡಗಿನ ಮರ ಮೂವತ್ತು ಮೀಟರ್ ಮೇಲೆ, ವರ್ಷಕ್ಕೆ ಕೆಲವೇ ವಾರ ಹೂ ಬಿಡುತ್ತದೆ; ಕೆಳಗೆ ನಿಂತವನಿಗೆ ಕಾಣುವುದು ತೊಗಟೆ, ಉದುರಿದ ಎಲೆ, ಒಸರು. ನಮ್ಮ ಪುಸ್ತಕ ಶುರುವಾಗಬೇಕಾದ್ದು ಅಲ್ಲಿಂದ. ಪಾಂಡಿಚೇರಿಯ ಫ್ರೆಂಚ್ ಇನ್‌ಸ್ಟಿಟ್ಯೂಟಿನ ಪಾಸ್ಕಲ್ ಮತ್ತು ರಮೇಶ್ 1987ರಲ್ಲೇ ಪಶ್ಚಿಮ ಘಟ್ಟದ ನಿತ್ಯಹರಿದ್ವರ್ಣ ಕಾಡಿನ ಮರಗಳಿಗೂ ಬಳ್ಳಿಗಳಿಗೂ ಇಂಥದ್ದೊಂದು ಕೀಲಿಕೈ, ಅಂದರೆ ಹೆಜ್ಜೆಹೆಜ್ಜೆಗೂ ಒಂದು ಪ್ರಶ್ನೆ ಕೇಳಿ ಕೊನೆಗೆ ಹೆಸರಿಗೆ ತಲುಪಿಸುವ ಪಟ್ಟಿ, ಮಾಡಿದ್ದಾರೆ. ಅದು ಇಂಗ್ಲಿಷಿನಲ್ಲಿದೆ, ಪರಿಭಾಷೆ ಬಲ್ಲವರಿಗಾಗಿ ಇದೆ.

ಹೊನ್ನೆ ಮತ್ತು ಬೀಟೆಯನ್ನೇ ತೆಗೆದುಕೊಳ್ಳಿ. ಎರಡರಲ್ಲೂ ಒಂದು ಕಡ್ಡಿಗೆ ಐದರಿಂದ ಏಳು ಕಿರುಎಲೆ, ಎದುರುಬದುರಾಗಿ ಅಲ್ಲ, ಒಂದಾದ ಮೇಲೊಂದು. ಎರಡರಲ್ಲೂ ಎಲೆಯ ತುದಿ ಸಣ್ಣಗೆ ಕಚ್ಚಿದ ಹಾಗೆ ಇರಬಹುದು. ಫೋಟೋ ನೋಡಿ ಹೇಳುವವರು ಇಲ್ಲೇ ಎಡವುವುದು. ಬೀಟೆಯ ಕಿರುಎಲೆ ಹೆಚ್ಚು ದುಂಡಗೆ, ಹೊನ್ನೆಯದು ಉದ್ದುದ್ದ. ಆದರೆ "ಹೆಚ್ಚು" ಎನ್ನುವ ಮಾತು ಎರಡನ್ನೂ ಕೈಯಲ್ಲಿ ಹಿಡಿದವನಿಗೆ ಮಾತ್ರ ಅರ್ಥವಾಗುವುದು. ತೊಗಟೆಗೆ ಸಣ್ಣ ಗಾಯವಾದರೆ ಹೊನ್ನೆ ರಕ್ತದಂಥ ಕೆಂಪು ಅಂಟು ಒಸರುತ್ತದೆ, ಬೀಟೆ ಒಸರುವುದಿಲ್ಲ. ಕೆಳಗೆ ಕಾಯಿ ಬಿದ್ದಿದ್ದರೆ ಮಚ್ಚೂ ಬೇಡ: ಹೊನ್ನೆಯ ಕಾಯಿ ಸುತ್ತ ರೆಕ್ಕೆಯಿರುವ ದುಂಡು ಬಿಲ್ಲೆ, ಬೀಟೆಯದು ತೆಳ್ಳಗಿನ ಚಪ್ಪಟೆ ಪಟ್ಟಿ.

ಕೆಂಪು ಒಸರು ರಕ್ತಮರದಲ್ಲೂ ಇದೆ, ರಾಮಪತ್ರೆಯಲ್ಲೂ ಇದೆ. ಆದರೆ ಅವುಗಳದ್ದು ಬಿಡಿ ಎಲೆ. ಆದ್ದರಿಂದ ಕೀಲಿಕೈಯ ಮೊದಲ ಪ್ರಶ್ನೆ ಒಸರಿನ ಬಣ್ಣದ್ದಾಗಬಾರದು, "ಎಲೆ ಒಂಟಿಯೋ, ಗರಿಯಂತೆ ಹಲವು ಕಿರುಎಲೆಗಳದೋ" ಎಂದಿರಬೇಕು. ಈ ಕ್ರಮ ತಪ್ಪಿದರೆ ಓದುಗ ಎರಡನೇ ಹೆಜ್ಜೆಯಲ್ಲೇ ದಾರಿ ತಪ್ಪುತ್ತಾನೆ, ಅದೂ ತನಗೆ ಗೊತ್ತಾಗದೆ. ಹೆಬ್ಬಲಸು ಇನ್ನೊಂದು ಬಲೆ. ಬೆಳೆದ ಮರದ ಎಲೆ ಇಡಿಯಾಗಿರುತ್ತದೆ, ಸಸಿಯದ್ದು ಆಳವಾಗಿ ಸೀಳಿರುತ್ತದೆ. ಅದನ್ನು ಕೀಲಿಕೈಯ ಎರಡು ಕಡೆ ಸೇರಿಸಲೇಬೇಕು.

ಇಷ್ಟೆಲ್ಲ ಹೇಳಿ ಒಂದು ಎಚ್ಚರಿಕೆ ಬಿಟ್ಟರೆ ಪುಸ್ತಕ ಅಪಾಯಕಾರಿ. ಹೊಳಿಗಾರ, ಚೇರೆ ಜಾತಿಯ ಮರಗಳ ಒಸರು ಗಾಳಿಗೆ ಕಪ್ಪಾಗುತ್ತದೆ, ಚರ್ಮಕ್ಕೆ ತಾಗಿದರೆ ಬೊಬ್ಬೆ ಏಳುತ್ತದೆ. ತೋಟದಲ್ಲಿ ಕೆಲಸ ಮಾಡುವವರಿಗೆ ಇದು ಗೊತ್ತು; ಪುಸ್ತಕ ಹಿಡಿದು ಬರುವ ಪಟ್ಟಣದ ಹುಡುಗನಿಗೆ ಗೊತ್ತಿಲ್ಲ. ಒಸರನ್ನು ಬೆರಳಲ್ಲಿ ಮುಟ್ಟದೆ ಕಾಗದಕ್ಕೆ ಒತ್ತಿ ನೋಡಬೇಕು, ಕಪ್ಪಾಗುತ್ತದೋ ಎಂದು ಕಾಯಬೇಕು. ಸಾಧ್ಯವಾದಲ್ಲೆಲ್ಲ ತೊಗಟೆ ಕೆತ್ತುವ ಬದಲು ಎಲೆತೊಟ್ಟು ಮುರಿದು ನೋಡಿದರೆ ಸಾಕು. ದೇವರಕಾಡಿನಲ್ಲಂತೂ ಮಚ್ಚು ಎತ್ತುವ ಮಾತೇ ಇಲ್ಲ.

ಹೀಗೆ ಪರೀಕ್ಷೆ ಮಾಡಿ ಗುರುತಿಸುವುದು ಕೊಡಗಿಗೆ ಹೊಸದೇನಲ್ಲ. ಕೊಡವರ ಕಕ್ಕಡ ತಿಂಗಳ 18ರಂದು, ಅಂದರೆ ಆಗಸ್ಟ್ 3ರ ಹೊತ್ತಿಗೆ, ಮದ್ದುಸೊಪ್ಪು ಎಂಬ ಔಷಧಿಯ ಗಿಡ ತರುವ ಮನೆಯವರು ಎಲೆಯ ಚಿತ್ರ ನೋಡಿ ತರುವುದಿಲ್ಲ. ಪರಿಮಳ ನೋಡುತ್ತಾರೆ, ಕುದಿಸಿದ ನೀರು ಕಡುನೇರಳೆ ಬಣ್ಣಕ್ಕೆ ತಿರುಗಿತೋ ಇಲ್ಲವೋ ನೋಡುತ್ತಾರೆ.

ಬ್ರಿಟನ್ನಿನಿಂದ ನಿಜಕ್ಕೂ ಕಲಿಯಬೇಕಾದ್ದು ಬೇರೆ ಇದೆ. ಇಲ್ಲಿನ ಫೀಲ್ಡ್ ಸ್ಟಡೀಸ್ ಕೌನ್ಸಿಲ್ ಎಂಬ ಸಂಸ್ಥೆ ಗುರುತಿಸಲು ಕಷ್ಟದ ಗುಂಪುಗಳ ಕೀಲಿಕೈಗಳನ್ನು ನೇರ ಅಚ್ಚು ಹಾಕಿಸುವುದಿಲ್ಲ. ಮೊದಲು ಪರೀಕ್ಷಾ ಪ್ರತಿ ಮಾಡಿ ಬಳಸುವವರ ಕೈಗೆ ಕೊಡುತ್ತದೆ, ಅವರು ಎಲ್ಲಿ ಮುಗ್ಗರಿಸಿದರೆಂದು ಕೇಳಿ ತಿದ್ದುತ್ತದೆ. ನಮ್ಮಲ್ಲಿ ತಜ್ಞರೊಬ್ಬರು ಓದಿ ಒಪ್ಪಿದರೆ ಮುಗಿಯಿತು. ತಜ್ಞರಿಗೆ ಉತ್ತರ ಮೊದಲೇ ಗೊತ್ತಿರುವುದರಿಂದ ಪ್ರಶ್ನೆ ಎಷ್ಟು ಗೋಜಲಾಗಿದ್ದರೂ ಅವರು ದಾಟಿಬಿಡುತ್ತಾರೆ! ಸಸ್ಯಶಾಸ್ತ್ರ ಓದದ ಹತ್ತು ಜನರಿಗೆ ಕರಡು ಕೊಟ್ಟು, ಹೆಸರು ಬರೆದಿಟ್ಟುಕೊಂಡ ಇಪ್ಪತ್ತು ಮರಗಳ ಕೆಳಗೆ ಬಿಡಬೇಕು. ಮೂರು ಜನ ಒಂದೇ ಹೆಜ್ಜೆಯಲ್ಲಿ ತಪ್ಪಿದರೆ ತಪ್ಪು ವಾಕ್ಯದ್ದು. "ದೊಡ್ಡ ಎಲೆ" ಅನ್ನುವ ಕಡೆ "ಅಂಗೈಗಿಂತ ಉದ್ದ, 15 ಸೆಂ.ಮೀ. ದಾಟುತ್ತದೆ" ಎಂದು ಬರೆಯಬೇಕು. ಪ್ರತಿ ಹೆಜ್ಜೆಯ ಪಕ್ಕ ಎಲ್ಲಿಂದ ಬಂದೆವೆಂಬ ಸಂಖ್ಯೆಯೂ ಇರಬೇಕು, ದಾರಿ ತಪ್ಪಿದವನು ಹಿಂದಕ್ಕೆ ನಡೆಯಲು.

ಹೆಸರುಗಳ ವಿಷಯದಲ್ಲಿ ಬ್ರಿಟನ್ನಿನವರ ಮಾದರಿ ನಮಗೆ ಹೆಚ್ಚು ಉಪಯೋಗಕ್ಕೆ ಬಾರದು, ಅವರದು ಹೆಚ್ಚುಕಡಿಮೆ ಒಂದೇ ಭಾಷೆಯ ವ್ಯವಹಾರ. ಕೊಡಗಿನ ಒಂದೇ ತೋಟದಲ್ಲಿ ಕೊಡವ ತಕ್ಕ್, ಅರೆಭಾಷೆ, ಎರವ, ಮಲಯಾಳ, ತುಳು ಎಲ್ಲ ಓಡಾಡುತ್ತವೆ. ನಮ್ಮ ಹೊನ್ನೆ ಮಲಯಾಳದಲ್ಲಿ ವೇಂಗ, ಬೀಟೆ ಈಟ್ಟಿ. ಅಷ್ಟೂ ಹೆಸರು ಹಾಕಿ, ಯಾವುದು ಯಾವ ಭಾಷೆಯದೆಂದು ಗುರುತು ಮಾಡಿ, ಕೊನೆಯಲ್ಲಿ ಎಲ್ಲವನ್ನೂ ಒಂದೇ ಅಕಾರಾದಿಯಲ್ಲಿ ಕೊಡಬೇಕು. ಜನರ ಬಾಯಲ್ಲಿ ಹೆಸರಿರುವಾಗ ಸಂಸ್ಕೃತದಿಂದ ಹೊಸದನ್ನು ಹೊಸೆಯುವ ಚಾಳಿ ಮಾತ್ರ ಬೇಡ.

ಇನ್ನು ಕಾಗದ. ಬಣ್ಣದ ಚಿತ್ರ ಚೆನ್ನಾಗಿ ಬರಲಿ ಎಂದು ಆರ್ಟ್ ಪೇಪರ್ ಹಾಕುತ್ತಾರೆ. ಅದರ ಮೇಲಿನ ಲೇಪ ಕೊಡಗಿನ ಮಳೆಗೆ ನೆನೆದು ಒಣಗಿದರೆ ಪುಟಕ್ಕೆ ಪುಟ ಅಂಟಿಕೊಂಡು ಇಟ್ಟಿಗೆಯಾಗುತ್ತದೆ. ಲೇಪವಿಲ್ಲದ ಮ್ಯಾಪ್ಲಿಥೋ ಸಾಕು, ಬಣ್ಣ ತುಸು ಮಂಕಾದರೂ. ಬೆನ್ನಿಗೆ ಬರೀ ಅಂಟು ಬಳಿಯದೆ ದಾರದಿಂದ ಹೊಲಿಸಬೇಕು. ಕಾಗದದೊಳಗಿನ ನಾರಿನ ಎಳೆ ಬೆನ್ನಿಗೆ ಸಮಾನಾಂತರವಾಗಿರಬೇಕು, ಇಲ್ಲವಾದರೆ ತೇವಕ್ಕೆ ಹಿಗ್ಗಿದ ಪುಟ ಬೆನ್ನನ್ನೇ ಎಳೆದು ಅಲೆಅಲೆಯಾಗುತ್ತದೆ. ಅಚ್ಚಿನವರು "ಏನಾಗಲ್ಲ ಸಾರ್" ಅನ್ನುತ್ತಾರೆ. ಒಂದು ಮಾದರಿ ಪ್ರತಿಯನ್ನು ಜೂನ್ ಮೊದಲ ವಾರ ಭಾಗಮಂಡಲದ ಯಾವುದಾದರೂ ಮನೆಯ ಜಗಲಿಯಲ್ಲಿಟ್ಟು, ಸೆಪ್ಟೆಂಬರಿನಲ್ಲಿ ಬಿಚ್ಚಿ ನೋಡಿ, ಆಮೇಲೆ ಉಳಿದ ಪ್ರತಿಗಳಿಗೆ ಆರ್ಡರ್ ಕೊಡಿ.